ಅವ್ವನ ಬೊಟ್ಟಿನ ಕೀ

ಲೇ ಭೀಮರಾಜು,

ನಿನ್ನ ಫೋನ್ ಸ್ವಿಚ್ ಆಫ್ ಬರುತ್ತಿದೆ, ಅದಕ್ಕೇ ಚೀಟಿಯನ್ನು ಕಂಪ್ಯೂಟರಿಗೆ ಅಂಟಿಸಿದ್ದೇನೆ. ನಾನು ಹೂವು ತರಲು ತೋವಿನಕೆರೆಗೆ ಹೊರಟೆ.

ನಿನ್ನೆ "ಜಾಗ ಇರ್ಲಿಲ್ಲ ಕಣಕ್ಕ, ಶೇರ್ಡ್ ಅಂತ ಒಂದು ಫೋಲ್ಡರಿತ್ತು, ಬರೀ ಗುಡ್ ಮಾರ್ನಿಂಗ್ ಮೆಸೇಜು ಅಂತ ಅಳಿಸ್ಬುಟ್ಟೆ" ಅಂದೆಯಲ್ಲ, ಅವು ವಾಟ್ಸಾಪಿನವಲ್ಲ ಕಣೋ! ಹಾಡು ಹಾಕುವ ಪ್ಲೇಯರೂ ಬೇರೆ ಪ್ರೋಗ್ರಾಮುಗಳೂ ಹಂಚಿಕೊಂಡು ಬಳಸುವ ಲೈಬ್ರರಿ ಫೈಲುಗಳು. ಹಾಡು ಶುರುವಾಗುವುದು, ನಿಲ್ಲುವುದು ಎಲ್ಲ ಅವುಗಳಿಂದಲೇ. ಈಗ ಅವ್ವನ ಸೋಬಾನೆ ಪದ ಒಂದೂ ಬರುತ್ತಿಲ್ಲ. ಆ ಹಳೇ ರೆಕಾರ್ಡಿಂಗು ಫೋನಿನಲ್ಲೂ ತೆರೆಯುವುದಿಲ್ಲ. ರಿಸೈಕಲ್ ಬಿನ್ನನ್ನೂ ಗುಡಿಸಿ ಹಾಕಿದ್ದೀಯ, ಪುಣ್ಯಾತ್ಮ.

ಬಂದ ತಕ್ಷಣ ಕೊರಟಗೆರೆಗೆ ಹೋಗು. ಪಾಲಾಕ್ಷಣ್ಣನ ಸ್ಟುಡಿಯೋದಲ್ಲಿ ಇದೇ ಪ್ಲೇಯರ್ ಇದೆ. ಆ ಫೋಲ್ಡರನ್ನು ಹಾಗೇ ಪೆನ್‌ಡ್ರೈವಿಗೆ ಹಾಕಿಸಿಕೊಂಡು ಬಾ. ಕೈಕಾಲು ಹಿಡಿದಾದರೂ ತಾ, ಬರಿಗೈಲಿ ಮಾತ್ರ ಬರಬೇಡ. ಉಪ್ಪಿಟ್ಟು ಮುಚ್ಚಿಟ್ಟಿದ್ದೇನೆ, ತಿಂದು ಹೋಗು.

ಸಂಜೆ ತಂಗಿಗೆ ಅರಿಶಿನ ಹಚ್ಚುವಾಗ ತಾನೇ ಹಾಡಬೇಕು ಅಂತ ಅವ್ವನಿಗೆ ಆಸೆ. ಗಂಟಲಿನ ಆಪರೇಷನ್ ಆದ ಮೇಲೆ ಅವಳಿಗೆ ಉಳಿದಿರುವ ದನಿ ಆ ರೆಕಾರ್ಡಿಂಗೊಂದೇ. ಹಾಡು ಶುರುಮಾಡಲು ಗುರುತಿಗೆಂದು ನಾನು ಬೊಟ್ಟು ಅಂಟಿಸಿಕೊಟ್ಟಿದ್ದ ಕೀಯನ್ನು ಬೆಳಿಗ್ಗೆ ಒತ್ತಿದಳು. ಮತ್ತೆ ಒತ್ತಿದಳು. ಕಂಪ್ಯೂಟರ್ ಕೆಟ್ಟಿದೆ ಅಂತ ನಾನು ಹೇಳುವಷ್ಟರಲ್ಲಿ, ಕೈಯೆತ್ತಿ ತನ್ನ ಗಂಟಲನ್ನು ಮುಟ್ಟಿ ನೋಡಿಕೊಂಡಳು.

ನಿನ್ನಕ್ಕ,
ಶ್ರೀಲತಾ