ಹೂಡುವುದು ಎಂದರೆ

ಬಣಕಲ್, ೧೨-೭-೧೯೯೮

ಪೂಜ್ಯ ದೊಡ್ಡಪ್ಪನವರ ಸನ್ನಿಧಾನಕ್ಕೆ,

"ಅಪ್ಪ ನಾಳೆ ಹೂಡ್ತಾರಂತೆ" ಎಂದು ನಿಮಗೆ ಗಂಭೀರವಾಗಿ ಹೇಳಿದವಳು ನಾನು. ಎತ್ತು ಮಾರಿ ಟಿಲ್ಲರ್ ತಂದರೂ ಅಪ್ಪನಿಗೆ ಉಳುವುದೆಂದರೆ ಹೂಡುವುದೇ. ಅಪ್ಪನ ಜೊತೆ ಬೇಲಿಯ ಜಗಳದಲ್ಲಿದ್ದ ನೀವು ದಾವೆ ಎಂದುಕೊಳ್ಳುತ್ತೀರೆಂದು ಗೊತ್ತಿದ್ದೇ, ತಮಾಷೆಗೆ, 'ಗದ್ದೆ' ಎಂಬ ಮಾತನ್ನು ನುಂಗಿಕೊಂಡೆ. "ಹೂಡ್ಲಿ ಮಾರಾಯ್ತಿ, ನಾನೂ ಹೂಡ್ತೀನಿ" ಎಂದು ನೀವು ಮೂಡಿಗೆರೆ ಬಸ್ಸು ಹತ್ತಿದಾಗಲೂ ನಗುತ್ತಿದ್ದೆ.

ನಿನ್ನೆ ಕೋರ್ಟಿನ ನೋಟೀಸು ಬಂತು. ಅಪ್ಪ ಎರಡು ಸಲ ಓದಿ ಜೇಬಿಗಿಟ್ಟುಕೊಂಡರು. ಇವತ್ತು ಬೆಳಿಗ್ಗೆ, "ಅಣ್ಣಂಗೆ ಸೊಂಟ ಹಿಡ್ಕೊಂಡಿದೆ, ಅವ್ರ ಗದ್ದೆನೂ ಹೂಡ್ಬೇಕು" ಎಂದು ಟಿಲ್ಲರ್ ಇಳಿಸಿದರು.

ಅವರಿಗೆ ನಾನಿನ್ನೂ ನಿಜ ಹೇಳಿಲ್ಲ. ನಿಮ್ಮ ಗದ್ದೆ ಸಂಜೆಯೊಳಗೆ ಮುಗಿಯುತ್ತದೆ. ಈ ಪತ್ರವನ್ನು ಆಳಿನ ಕೈಲಿ ಈಗಲೇ ಕಳಿಸುತ್ತಿದ್ದೇನೆ; ಅಷ್ಟರಲ್ಲಿ ದಯವಿಟ್ಟು ಅಲ್ಲಿಗೆ ಬನ್ನಿ. ಇಬ್ಬರ ಎದುರೇ ಹೇಳುತ್ತೇನೆ.

ಇತಿ ನಿಮ್ಮ ತಲೆಹರಟೆ ಮಗಳು,
ಧನ್ಯಾ