ಹಾಜಿ ಮುತ್ಲಕ್ ಕುಡಿದ ಕಾಫಿ

ರಾಮಲ್ಲಾ,
ನವೆಂಬರ್ 9, 1998

ಪ್ರೀತಿಯ ಸುಹೈಲಕ್ಕನಿಗೆ,

ನಿನ್ನ ಕೈಗೆ ಮುತ್ತಿಟ್ಟು ಬರೆಯುತ್ತಿದ್ದೇನೆ. ಎದುರಿಗೆ ಬಂದಿದ್ದರೆ ಕೈ ಕೊಡುತ್ತಿದ್ದೆಯೋ ಇಲ್ಲವೋ. ಫೋನ್ ಮಾಡಿದಾಗಲೆಲ್ಲ ನಿನ್ನ ಮಗ ಕುಸೈ ಎತ್ತಿ, ಅಮ್ಮ ಹಿಟ್ಟು ನಾದುತ್ತಿದ್ದಾಳೆ ಎನ್ನುತ್ತಾನೆ. ಮೂರು ಹೊತ್ತೂ ಯಾರಕ್ಕ ಹಿಟ್ಟು ನಾದುತ್ತಾರೆ?

ಶುಕ್ರವಾರದ ಮಾತಿಗೆ ಬರುತ್ತೇನೆ. ಕಾರು ಹಾಯಿಸಿ ಕುಸೈನ ಕಾಲು ಕಳೆದ ಆ ಹುಡುಗನ ಪರವಾಗಿ, ಕ್ಷಮೆ ಕೇಳಲು ಪಕ್ಕದೂರಿನ ಹಿರಿಯರು ಬರುತ್ತಾರೆಂದು ನೀನು ನನ್ನನ್ನು ಕರೆಸಿದೆ. ಅಪ್ಪನೂ ಭಾವನೂ ಇಲ್ಲದ ಮನೆಯಲ್ಲಿ ಮಾತಾಡಬೇಕಾದವನು ನಾನೇ. ನೀನು ಕೇಳಿದ್ದು ಒಂದೇ: "ಆ ಹುಡುಗ ತಾನೇ ಬಂದು, ನನ್ನ ಮಗನ ಮುಖ ನೋಡಿ ತಪ್ಪಾಯ್ತು ಅನ್ಲಿ. ಅಲ್ಲೀವರೆಗೂ ಅವರ ಕಾಫಿ ಕೆಳಗೇ ಇರ್ಲಿ." ನಾನು ತಲೆಯಾಡಿಸಿದ್ದೆ.

ಹಾಜಿ ಮುತ್ಲಕ್‌ನ ಮುಂದಾಳತ್ವದಲ್ಲಿ ಹಿರಿಯರು ಬಂದರು, ಹುಡುಗ ಬರಲಿಲ್ಲ. ಕಾಫಿ ಬಟ್ಟಲು ಮುಟ್ಟದೆ ಮುಂದಿಟ್ಟುಕೊಂಡು ಕೂತರು. ಕೇಳಿದ್ದು ಸಿಗುವವರೆಗೆ ಬಂದವರು ಕುಡಿಯುವುದಿಲ್ಲ, ಕುಡಿಯಿರಿ ಎಂದು ಮನೆಯವರು ಹೇಳಿದರೆ ಕೊಟ್ಟಂತೆಯೇ. ಇದು ನಮ್ಮೂರ ಚಿಕ್ಕ ಮಕ್ಕಳಿಗೂ ಗೊತ್ತು. ಊರೂರು ತಿರುಗಿ ಸಂಧಾನದ ಬಗ್ಗೆ ಭಾಷಣ ಬಿಗಿಯುವ ನಾನು, "ಕುಡೀರಿ ಹಾಜಿ, ಆರಿಹೋಗುತ್ತೆ" ಎಂದುಬಿಟ್ಟೆ. ಹಾಜಿ ಮುತ್ಲಕ್ ಒಂದೇ ಗುಟುಕಿಗೆ ಮುಗಿಸಿದ. ಎಲ್ಲರೂ ಎದ್ದು ನನ್ನ ಕೆನ್ನೆಗೆ ಮುತ್ತಿಟ್ಟರು. ನೀನು ಒಳಕೋಣೆಯ ಬಾಗಿಲ ಹಿಂದಿದ್ದೆ.

ಇಷ್ಟು ವರ್ಷ ಪರದೇಶದಲ್ಲಿ ಓದಿ, ಇಲ್ಲಿ ರಾಜ್ಯಶಾಸ್ತ್ರ ಪಾಠ ಹೇಳಿ ಊರಿನ ರೂಢಿ ಮರೆತೆ. ಉಪಚಾರದ ಮಾತು ಬಾಯಿ ಜಾರಿತು. ಹಾಗೆಂದುಕೋ ಅಕ್ಕ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಇನ್ನು ಆ ಹುಡುಗ ನಿಮ್ಮ ಹೊಸ್ತಿಲು ತುಳಿಯಬೇಕಾಗಿಲ್ಲ.

ನಾಚಿಕೆಯಿಂದ ಹಳೆಯದೆಲ್ಲ ನೆನಪಾಗುತ್ತಿದೆ. ನಾನು ಜೈಲಿನಲ್ಲಿದ್ದಾಗ ಬರೆಯಲು ಕಾಗದ ಕೊಡುತ್ತಿರಲಿಲ್ಲ. ನೀನು ಭೇಟಿಗೆ ಬಂದಾಗ ಜಾಲರಿಯ ಹಿಂದಿನಿಂದ ನಾನು ನಾಲ್ಕು ಸಾಲು ಕವಿತೆ ಹೇಳುತ್ತಿದ್ದೆ. ನೀನು ಬಾಯಿಪಾಠ ಮಾಡಿಕೊಂಡು, ಬಸ್ಸಿನುದ್ದಕ್ಕೂ ತುಟಿ ಅಲ್ಲಾಡಿಸುತ್ತ ಮನೆ ಸೇರಿ ಬರೆದಿಡುತ್ತಿದ್ದೆ. ಪುಣ್ಯಾತ್ಮೆ ಪ್ರಾರ್ಥನೆ ಮಾಡುತ್ತಿದ್ದಾಳೆಂದು ಜನ ಕೂರಲು ಜಾಗ ಬಿಡುತ್ತಿದ್ದರಂತೆ. ನನ್ನ ಮೊದಲ ಪುಸ್ತಕ ಜೈಲು ದಾಟಿದ್ದು ನಿನ್ನ ನಾಲಿಗೆಯ ಮೇಲೆ. ಕವಿಯೆಂಬ ಹೆಸರು, ಪ್ರೊಫೆಸರ್ ಎಂಬ ಕುರ್ಚಿ ಎಲ್ಲ ಬಂದದ್ದು ಅದಾದ ಮೇಲೆ. ಅಂಥ ನೀನು ಜೀವಮಾನದಲ್ಲಿ ನನ್ನಿಂದ ಏನನ್ನಾದರೂ ಕೇಳಿದ್ದು ಇದೊಂದೇ ಸಲ.

ಕುಸೈಗೆ ಏನು ಹೇಳಲಿ, ನೀನೇ ತಿಳಿಸು.

ನಿನಗೆ ಮುಖ ತೋರಿಸಲಾರದ ತಮ್ಮ,
ವಾಸಿಫ್

ತಾ.ಕ.: ಮರೆತೆ ಎಂದದ್ದು ಸುಳ್ಳು. ಆ ಕಾಫಿಯ ರೂಢಿಯ ಮೇಲೆ ನನ್ನ ಪುಸ್ತಕದಲ್ಲಿ ಒಂದು ಅಧ್ಯಾಯವೇ ಇದೆ. ಬಾಗಿಲ ಹಿಂದಿದ್ದ ನಿನಗೂ ಕೇಳಿಸಿರಬೇಕು. ನಾನು ಕುಡೀರಿ ಎನ್ನುವ ಮೊದಲು ಹಾಜಿ ನನ್ನ ಜೈಲಿನ ಕವಿತೆಯ ಸಾಲು ಹೇಳಿದ: "ಗೋಡೆಯಾಚೆ ಬಾದಾಮಿ ಹೂಬಿಟ್ಟಿದೆಯಂತೆ, ಕಾವಲುಗಾರನೇ, ನಿನಗೂ ಪರಿಮಳ ಬಂತೇ?" ಆಮೇಲೆ ಸಭೆಯ ಕಡೆ ತಿರುಗಿ, "ಕಾವಲುಗಾರನಿಗೇ ಹೂವಿನ ಪಾಲು ಕೊಟ್ಟೋನು, ಪಕ್ಕದೂರಿನ ಹುಡುಗನ್ನ ಕ್ಷಮಿಸದೆ ಇರ್ತಾನಾ?" ಎಂದ. ಎಲ್ಲರೂ "ಅಲ್ಲಾಹ್" ಎಂದು ತಲೆದೂಗಿದರು. ನಾನು ಉಬ್ಬಿಹೋದೆ. ಆ ಸಾಲು ಹೊತ್ತು ತಂದವಳು ನೀನೆಂಬುದಾಗಲಿ, ಕುಸೈ ಎದುರಿಗೇ ಊರುಗೋಲು ಹಿಡಿದು ಕೂತಿದ್ದಾನೆಂಬುದಾಗಲಿ, ಅಕ್ಕ, ಆ ಗಳಿಗೆಯಲ್ಲಿ ನನಗೆ ಬೇಕಿರಲಿಲ್ಲ.