ರಷ್ಯಾದವನಿಗೆ ಬಾಯಿ ಕೊಟ್ಟ ಮೆಹಬೂಬ

ದೋಸ್ತ ಮೆಹಬೂಬ,

ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟವನು ನಾನು, ತಪ್ಪಿದ್ದರೆ ನಗಬೇಡ. ಸತ್ತ ಮೇಲೂ ನೀನು ಮಾತು ನಿಲ್ಲಿಸಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಟಿವಿಯಲ್ಲಿ ಆ ರಷ್ಯಾದ ನಟ ಬಾಯಿ ತೆರೆದರೆ ಸಾಕು, ಕೇಳುವುದು ನಿನ್ನ ದನಿ. ಎದ್ದು ಬಂದ್ ಮಾಡಿದರೂ...

ಮೈಸೂರು ರಾಜ್ಯಕ್ಕೆ ನಾವು ಸೇರಿದ ವರ್ಷ ಭಾಲ್ಕಿಯಲ್ಲಿ ಡೇರೆ ಸಿನಿಮಾ ಹಾಕಿದ್ದರು. ನಾನು ಡೇರೆಯ ಹಗ್ಗ ಬಿಗಿಯುವವನು. ನೀನು ಪರದೆಯ ಪಕ್ಕ ನಿಂತು ಪರದೇಶದ ಚಿತ್ರಗಳ ಕಥೆಯನ್ನು ಕೂಗಿ ಹೇಳುವವನು. ಅಲ್ಲಿಯವರೆಗೆ ದಖ್ಖನಿ ಉರ್ದುವಿನಲ್ಲಿ ಹೇಳುತ್ತಿದ್ದೆ. ಇನ್ನು ಮೇಲೆ ಕನ್ನಡದಲ್ಲೂ ಹೇಳು ಎಂದ ಮಾಲೀಕ. "ರಷ್ಯನ್ನೇ ಬರಲ್ಲ ನನಗ, ಕನ್ನಡಕ್ಯಾಕ ಹೆದರ್ಲಿ?" ಎಂದು ನಕ್ಕಿದ್ದೆ ನೀನು.

ಆಗ ಬಂದ ಒಂದು ರಷ್ಯನ್ ಚಿತ್ರದಲ್ಲಿ ಆ ನಟ ಎಳೆಯ ಸಿಪಾಯಿ, ಎಡಹುಬ್ಬಿನ ಮೇಲೆ ಗಾಯದ ಗುರುತು. ಕೊನೆಗೆ ಗುಂಡು ತಗುಲಿ ಹಿಮದಲ್ಲಿ ಬೀಳುತ್ತಾನೆ. ಮುಂದಿನ ಸಾಲಿನಲ್ಲಿ ನನ್ನ ಅವ್ವ ಕುಳಿತಿದ್ದಳು. ಫೌಜಿಗೆ ಹೋದ ನನ್ನ ಅಣ್ಣ ವಾಪಸ್ ಬಂದಿರಲಿಲ್ಲ, ನಿನಗೂ ಗೊತ್ತಿತ್ತು. ನೀನು ಅವಳ ಮುಖ ನೋಡಿ, "ಸತ್ತಿಲ್ರಿ, ದಣದು ಮಲಗ್ಯಾನ. ನಾಳಿ ಎದ್ದು ಮನಿಗಿ ಹೋಗ್ತಾನ" ಎಂದೆ. ನನ್ನ ತಲೆ ಕೆಟ್ಟಿತು. "ಲೇ ಸುಳ್ಳುಬುರುಕ! ಸತ್ತಾನ ಅಂವ. ಸತ್ತವ್ರು ಮನಿಗಿ ಬರಲ್ಲ!" ಎಂದು ಡೇರೆಯೆಲ್ಲ ಕೇಳುವಂತೆ ಒದರಿದೆ. ಅವ್ವ ತಿರುಗಿ ನನ್ನನ್ನು ನೋಡಿದಳು. ಆ ನೋಟ... ಬಿಡು.

ನೀನು ಮತ್ತೆಂದೂ ಪರದೆಯ ಪಕ್ಕ ನಿಲ್ಲಲಿಲ್ಲ. ಬೀದರಿನ ಗಾಂಧಿ ಗಂಜಿನ ಧಾನ್ಯದ ಪೇಟೆಯಲ್ಲಿ ಚೀಲ ಹೊತ್ತೆ. ತಪ್ಪಾಯಿತು ಅನ್ನಲು ನನಗೇನು ರೋಗ ಬಂದಿತ್ತು?

ಆ ನಟ ಮಾತ್ರ ಬರುವುದು ನಿಲ್ಲಿಸಲಿಲ್ಲ. ಬೀದರಿನ ಟಾಕೀಸಿಗೆ ಒಮ್ಮೆ ಡಾಕ್ಟರಾಗಿ ಬಂದ, ಕೆಲವು ವರ್ಷ ಬಿಟ್ಟು ಅಂಟಿಸಿದ ಗಡ್ಡದ ರಾಜನಾಗಿ ಬಂದ. ಸಲಸಲಕ್ಕೂ ತಲೆಗೂದಲು ಕಡಿಮೆ. ಸಲಸಲಕ್ಕೂ ನಿನ್ನದೇ ದನಿ, ದಣದು ಮಲಗ್ಯಾನ ಎಂದು. ಓಡಿಹೋಗಲು ಎಲ್ಲಿಗೆ ಹೋಗಲಿ?

ನಿನ್ನನ್ನು ಮಣ್ಣು ಮಾಡಿ ಮೂರು ತಿಂಗಳಾಗಿತ್ತು. ಹಾಸಿಗೆ ಹಿಡಿದ ಅವ್ವನಿಗೆ ಆ ಸುದ್ದಿ ಹೇಳಿರಲಿಲ್ಲ. ನೌಬಾದದ ನಮ್ಮ ಮನೆಯಲ್ಲಿ ಮಲಗಿಕೊಂಡೇ ಟಿವಿ ನೋಡುತ್ತಿದ್ದಳು. ಅದರಲ್ಲಿ ಒಬ್ಬ ಮುದುಕ, ಮೊಮ್ಮಗಳಿಗೆ ಸೇಬು ಹೆಚ್ಚಿ ಕೊಡುತ್ತಿದ್ದ. ಎಡಹುಬ್ಬಿನ ಗಾಯದ ಗುರುತು ಅವಳು ಮರೆತಿರಲಿಲ್ಲ.

"ನೋಡಲೇ, ಆ ಸಿಪಾಯಿ! ಬದುಕ್ಯಾನ, ಮುದುಕ ಆಗ್ಯಾನ. ಮೆಹಬೂಬ ಖರೇನೇ ಹೇಳಿದ್ದ, ನೀನೇ ಸುಳ್ಳ."

ನಾನು ಟಿವಿ ಬಂದ್ ಮಾಡಲು ಎದ್ದರೆ ಅವಳು ಬಿಡಲಿಲ್ಲ.

"ಮೆಹಬೂಬನ್ನ ಕರಿ. ಈ ಮುದುಕ ಏನ್ ಅನ್ಲಾಕತ್ತಾನ, ಹೇಳ್ಲಿ."

ಹೇಳಬೇಕಿತ್ತು. ಖರೇ ಮಾತಿನವನಲ್ಲವೇ ನಾನು? "ಔರಾದಿಗಿ ಹೋಗ್ಯಾನವ್ವ, ಮಗಳ ಮನಿಗಿ. ಬರ್ತಾನ" ಎಂದೆ. ಮರುದಿನ ಕೇಳಿದಳು, ಬಸ್ಸು ತಪ್ಪಿತಂತೆ ಎಂದೆ. ಅದರ ಮರುದಿನ ಮೊಮ್ಮಗನಿಗೆ ಜ್ವರವಂತೆ ಎಂದೆ. ಹೇಳುತ್ತಾ ಹೇಳುತ್ತಾ ನನಗೂ ನೀನು ಔರಾದಿನಲ್ಲೇ ಇರುವಂತೆ...

ನಿನಗೆ ಗೊತ್ತಿಲ್ಲದ ಸುದ್ದಿ ಇಷ್ಟೇ. ತೀರಿಕೊಂಡ ದಿನ ಬೆಳಿಗ್ಗೆ ಅವ್ವ ಬಾಗಿಲ ಕಡೆ ಹೊರಳಿ, "ಮೆಹಬೂಬ ಬಂದ, ಚಹಾ ಇಡ್ರಿ" ಎಂದಳು.

ಮನೆಯಲ್ಲಿ ಯಾರನ್ನೂ ಕರೆಯಲಿಲ್ಲ ನಾನು, ಮೆಹಬೂಬ. ನಾನೇ ಎದ್ದು ನಿನಗೆ ಚಹಾ ಇಟ್ಟೆ.